ಮೊದಲ ಪುಸ್ತಕದ ಮನೆ: ಪಿ. ಲಾಲ್ ಮತ್ತು ರೈಟರ್ಸ್ ವರ್ಕ್‌ಶಾಪ್



ಕವಿಯ ನಾಲ್ಕನೆಯ ಪುಸ್ತಕವನ್ನು ಅಚ್ಚು ಹಾಕಲು ಯಾರಾದರೂ ಮುಂದೆ ಬಂದೇ ಬರುತ್ತಾರೆ. ಅಷ್ಟು ಹೊತ್ತಿಗೆ ಹೆಸರಾಗಿರುತ್ತದೆ, ನಾಲ್ಕು ಕಡೆ ವಿಮರ್ಶೆ ಬಂದಿರುತ್ತದೆ, ಒಂದು ಬಹುಮಾನವೂ ಸಿಕ್ಕಿರುತ್ತದೆ. ಮೊದಲ ಪುಸ್ತಕಕ್ಕೆ ಇದಾವುದರ ಬೆಂಬಲವೂ ಇರುವುದಿಲ್ಲ. ಬರೆದವರ ಕೈಯಲ್ಲಿ ಒಂದು ಹಸ್ತಪ್ರತಿ ಇರುತ್ತದೆ, ಅಷ್ಟೆ. ಅದನ್ನು ಓದಿ, ಇದು ಪುಸ್ತಕವಾಗಬೇಕು ಎಂದು ತೀರ್ಮಾನಿಸಿ, ಕಾಗದ ತಂದು, ಮೊಳೆ ಜೋಡಿಸಿ, ಹೊಲಿದು, ರಟ್ಟು ಕಟ್ಟಿ ಕೈಗಿಡುವವರು ಯಾರು? ದೊಡ್ಡ ಪ್ರಕಾಶಕರು ಈ ಕೆಲಸ ಮಾಡಿದ್ದು ಅಪರೂಪ. ಇದು ಬಹುಮಟ್ಟಿಗೆ ಸಣ್ಣ ಪ್ರಕಾಶನಗಳ ಪಾಲಿಗೆ ಬಂದ ಕೆಲಸ. ಕಾವ್ಯದ ಚರಿತ್ರೆ ಬರೆಯುವಾಗ ನಾವು ಕವಿಗಳನ್ನು ನೆನೆಯುತ್ತೇವೆ, ಪತ್ರಿಕೆಗಳನ್ನೂ ನೆನೆಯುತ್ತೇವೆ. ಈ ಪ್ರಕಾಶಕರನ್ನು ಅಡಿಟಿಪ್ಪಣಿಯಲ್ಲಿ ಬಿಟ್ಟುಬಿಡುತ್ತೇವೆ. ಇಂದಿನ ದತ್ತಿ ಉಪನ್ಯಾಸದಲ್ಲಿ ಅಂಥ ಒಬ್ಬರನ್ನು ಅಡಿಟಿಪ್ಪಣಿಯಿಂದ ಮೇಲೆತ್ತಿ ಮಾತಾಡಬೇಕೆಂದು ನನ್ನ ಆಸೆ.

ಅವರು ಪುರುಷೋತ್ತಮ ಲಾಲ್. ಓದುಗರಿಗೆ ಪಿ. ಲಾಲ್ ಎಂದರೆ ಗೊತ್ತು. 1929ರಲ್ಲಿ ಪಂಜಾಬಿನ ಕಪುರ್ತಲಾದಲ್ಲಿ ಹುಟ್ಟಿದವರು, ಕಲ್ಕತ್ತೆಯಲ್ಲಿ ಬೆಳೆದವರು. ಸೇಂಟ್ ಝೇವಿಯರ್ಸ್ ಕಾಲೇಜಿನಲ್ಲಿ ಓದಿ, ಅಲ್ಲಿಯೇ ನಾಲ್ಕು ದಶಕಗಳ ಕಾಲ ಇಂಗ್ಲಿಷ್ ಪಾಠ ಹೇಳಿದರು. 1958ರಲ್ಲಿ ಕೆಲವು ಗೆಳೆಯರನ್ನು ಕೂಡಿಕೊಂಡು ರೈಟರ್ಸ್ ವರ್ಕ್‌ಶಾಪ್ ಎಂಬ ಬರಹಗಾರರ ಕೂಟವನ್ನು ಶುರು ಮಾಡಿದರು. ಆ ಗುಂಪಿನಲ್ಲಿ ದೇಬ್ ಕುಮಾರ್ ದಾಸ್ ಇದ್ದರು, ಜೈ ರತನ್ ಇದ್ದರು, ಕ್ಯೂಲಿಯನ್ ಸಿಯೊ ಇದ್ದರು. ಇಪ್ಪತ್ತೊಂದರ ಒಬ್ಬ ಹುಡುಗಿಯೂ ಇದ್ದಳು, ಅನಿತಾ ದೇಸಾಯಿ. ಆಕೆಯ ಮೊದಲ ಕಾದಂಬರಿ ಇನ್ನೂ ಐದು ವರ್ಷ ದೂರವಿತ್ತು. ಬರೆದದ್ದನ್ನು ಒಬ್ಬರಿಗೊಬ್ಬರು ಓದಿ ಹೇಳುವುದು, ಚರ್ಚೆ ಮಾಡುವುದು, ಕೈಲಾದರೆ ಅಚ್ಚು ಹಾಕುವುದು: ಇಷ್ಟೇ ಮೊದಲಿನ ಸಂಕಲ್ಪ. ಕೂಟದ ಸದಸ್ಯರು ಕಾಲಕ್ರಮದಲ್ಲಿ ಬೇರೆ ಬೇರೆ ಊರು, ಬೇರೆ ಬೇರೆ ಬದುಕು ಹಿಡಿದು ಹೋದರು. ಲಾಲ್ ಉಳಿದರು. ದಕ್ಷಿಣ ಕಲ್ಕತ್ತೆಯ ಲೇಕ್ ಗಾರ್ಡನ್ಸ್‌ನಲ್ಲಿದ್ದ ಅವರ ಮನೆಯೇ ಪ್ರಕಾಶನದ ಕಚೇರಿಯಾಯಿತು. ಐವತ್ತೆರಡು ವರ್ಷಗಳ ನಂತರ ಅವರು ತೀರಿಕೊಳ್ಳುವ ಹೊತ್ತಿಗೆ ಅಲ್ಲಿಂದ ಹೊರಬಂದಿದ್ದ ಪುಸ್ತಕಗಳ ಸಂಖ್ಯೆ ಮೂರು ಸಾವಿರವನ್ನು ದಾಟಿತ್ತು. ಕತೆ, ನಾಟಕ, ವಿಮರ್ಶೆ, ಅನುವಾದ ಎಲ್ಲವೂ ಇದರಲ್ಲಿ ಸೇರಿವೆ. ಆದರೆ ಈ ಮನೆಯ ಜೀವ ಕಾವ್ಯ.

1958ರಲ್ಲಿ ಭಾರತದಲ್ಲಿ ಕೂತು ಇಂಗ್ಲಿಷಿನಲ್ಲಿ ಕವಿತೆ ಬರೆಯುವವನ ಪಾಡು ಹೇಗಿತ್ತು ಎಂಬುದನ್ನು ಕನ್ನಡದ ನಾವು ಸ್ವಲ್ಪ ಕಷ್ಟಪಟ್ಟು ಊಹಿಸಿಕೊಳ್ಳಬೇಕು. ನಮ್ಮ ಕವಿಗೆ ಎದುರಿಗೆ ಓದುಗರಿದ್ದರು, ಊರೂರಿಗೆ ಕರ್ನಾಟಕ ಸಂಘಗಳಿದ್ದವು, ಕವಿತೆ ಹಾಡುವವರಿದ್ದರು. ಇಂಗ್ಲಿಷಿನಲ್ಲಿ ಬರೆದ ಭಾರತೀಯನನ್ನು ಲಂಡನ್ನಿನ ಪ್ರಕಾಶಕರು ಬಹುಪಾಲು ಗಮನಿಸುತ್ತಿರಲಿಲ್ಲ. ಇಲ್ಲಿಯ ಭಾಷೆಗಳ ಸಾಹಿತಿಗಳು ಅವನನ್ನು ಅನುಮಾನದಿಂದ ನೋಡುತ್ತಿದ್ದರು. ಸ್ವಾತಂತ್ರ್ಯ ಬಂದು ಹತ್ತು ವರ್ಷವಾದ ಮೇಲೂ ಆಳಿದವರ ಭಾಷೆಯಲ್ಲಿ ಪದ್ಯ ಬರೆಯುವುದೆಂದರೇನು ಎಂಬ ಪ್ರಶ್ನೆ ಗಾಳಿಯಲ್ಲಿತ್ತು. ಅದು ನ್ಯಾಯವಾದ ಪ್ರಶ್ನೆಯೂ ಆಗಿತ್ತು.

ಆ ಪ್ರಶ್ನೆಗೆ ಅತ್ಯಂತ ಕಟುವಾದ ರೂಪ ಕೊಟ್ಟವರು ಬಂಗಾಳಿಯ ದೊಡ್ಡ ಕವಿ ಬುದ್ಧದೇವ ಬಸು. ಸ್ಟೀಫನ್ ಸ್ಪೆಂಡರ್ ಮತ್ತು ಡೊನಾಲ್ಡ್ ಹಾಲ್ ಸಂಪಾದಿಸಿ 1963ರಲ್ಲಿ ಹೊರತಂದ ಕವಿ-ಕಾವ್ಯ ವಿಶ್ವಕೋಶಕ್ಕೆ ಭಾರತೀಯ ಇಂಗ್ಲಿಷ್ ಕಾವ್ಯದ ಬಗ್ಗೆ ಬರೆದ ಟಿಪ್ಪಣಿಯಲ್ಲಿ ಅವರು, ಈ ದಾರಿ ಎಲ್ಲಿಗೂ ಹೋಗುವುದಿಲ್ಲ ಎಂದು ತೀರ್ಪು ಕೊಟ್ಟರು. ಬಸು ಬೀಸು ಮಾತಾಡುವ ಮನುಷ್ಯರಲ್ಲ. ಅವರೇ ಒಬ್ಬ ಸಣ್ಣ ಕಾವ್ಯಪ್ರಕಾಶಕರಾಗಿದ್ದರು ಎಂಬುದನ್ನು ಇಲ್ಲಿ ನೆನೆಯಬೇಕು. 1935ರಿಂದ ಅವರು ನಡೆಸಿದ 'ಕವಿತಾ' ಪತ್ರಿಕೆ ಬಂಗಾಳಿ ಆಧುನಿಕ ಕಾವ್ಯದ ನೆಲೆಯಾಗಿತ್ತು. ಅವರ ಕವಿತಾ ಭವನದಿಂದ ಪೈಸೆಗೊಂದು ಎಂಬ ಹೆಸರಿನ ಕಿರುಹೊತ್ತಗೆಗಳ ಮಾಲೆ ಬರುತ್ತಿತ್ತು. ಜೀವನಾನಂದ ದಾಸರ 'ಬನಲತಾ ಸೇನ್' ಸಂಕಲನ 1942ರಲ್ಲಿ ಮೊದಲು ಅಚ್ಚಾದದ್ದು ಆ ಮಾಲೆಯಲ್ಲಿ. ಇಂದು ಬಂಗಾಳಿಯಲ್ಲಿ ಅದಕ್ಕಿಂತ ಪ್ರೀತಿಯ ಪುಸ್ತಕ ಹುಡುಕುವುದು ಕಷ್ಟ. ಹೀಗೆ, ಲಾಲ್ ಅವರನ್ನು ಅತ್ಯಂತ ಗಟ್ಟಿಯಾಗಿ ಎದುರಿಸಿದವರು ಅದೇ ಕಲ್ಕತ್ತೆಯಲ್ಲಿ, ಅದೇ ಬಗೆಯ ಕೆಲಸವನ್ನು, ಅವರಿಗಿಂತ ಕಾಲು ಶತಮಾನ ಮೊದಲೇ ಮಾಡಿದ್ದವರು.

ಲಾಲ್ ಉತ್ತರ ಕೊಟ್ಟ ಬಗೆ ನನಗೆ ತುಂಬ ಇಷ್ಟ. ಅವರು ಬಸು ಅವರ ವಿರುದ್ಧ ಒಂದು ಲೇಖನ ಬರೆದು ಸುಮ್ಮನಾಗಲಿಲ್ಲ. ದೇಶದ ಉದ್ದಗಲಕ್ಕೂ ಇಂಗ್ಲಿಷಿನಲ್ಲಿ ಬರೆಯುತ್ತಿದ್ದ ಕವಿಗಳಿಗೆ ಪ್ರಶ್ನಾವಳಿ ಕಳಿಸಿದರು: ನೀವು ಈ ಭಾಷೆಯಲ್ಲಿ ಏಕೆ ಬರೆಯುತ್ತೀರಿ, ಬಸು ಅವರ ಮಾತಿಗೆ ನೀವೇನು ಹೇಳುತ್ತೀರಿ. ಬಂದ ಉತ್ತರಗಳನ್ನು ಅವರವರ ಕವಿತೆಗಳ ಜೊತೆಗೇ ಸೇರಿಸಿ 1969ರಲ್ಲಿ ಒಂದು ಬೃಹತ್ ಸಂಕಲನ ತಂದರು. 132 ಕವಿಗಳು, ಆರುನೂರಕ್ಕೂ ಹೆಚ್ಚು ಪುಟ. ದಾರಿ ಮುಂದಕ್ಕೆ ಹೋಗುತ್ತದೋ ಇಲ್ಲವೋ ಎಂಬುದನ್ನು ತಾವೊಬ್ಬರೇ ಹೇಳದೆ, ಆ ದಾರಿಯಲ್ಲಿ ನಡೆಯುತ್ತಿದ್ದವರಿಂದಲೇ ಹೇಳಿಸಿದರು. ಅದರಲ್ಲಿನ ಬಹಳಷ್ಟು ಕವಿತೆಗಳು ಸಾಧಾರಣ. ಅದನ್ನು ಮರೆಮಾಚುವ ಅಗತ್ಯವಿಲ್ಲ. ಆದರೆ ಒಂದು ಕಾಲದ ಕವಿಗಳೆಲ್ಲ ತಮ್ಮ ಭಾಷೆಯ ಬಗ್ಗೆ ತಮ್ಮ ಅಳುಕನ್ನೂ ಹಠವನ್ನೂ ಒಟ್ಟಿಗೆ ದಾಖಲಿಸಿದ ಇಂಥ ಇನ್ನೊಂದು ಪುಸ್ತಕವನ್ನು ನಾನು ಕಂಡಿಲ್ಲ.

ಮುಂದಿನ ಸಂಕಲನಕಾರರು ಬಹಳ ಬಿಗಿಯಾದರು. ಆರ್. ಪಾರ್ಥಸಾರಥಿ 1976ರಲ್ಲಿ ಹತ್ತು ಕವಿಗಳನ್ನು ಆರಿಸಿದರು, ಅರವಿಂದ ಕೃಷ್ಣ ಮೆಹರೋತ್ರ 1992ರಲ್ಲಿ ಹನ್ನೆರಡು ಮಂದಿಯನ್ನು. ಎರಡೂ ಆಕ್ಸ್‌ಫರ್ಡ್ ಪ್ರಕಟಣೆಗಳು, ಎರಡೂ ಕಾಲೇಜುಗಳಲ್ಲಿ ಪಠ್ಯವಾದವು. 132 ಎಲ್ಲಿ, ಹನ್ನೆರಡು ಎಲ್ಲಿ! ಆದರೆ ಹನ್ನೆರಡನ್ನು ಆರಿಸಲು ಮೊದಲು ಯಾರೋ ನೂರನ್ನು ಅಚ್ಚು ಹಾಕಿರಬೇಕು. ಈ ಸರಳ ಸಂಗತಿ ವಿಮರ್ಶೆಯಲ್ಲಿ ಮತ್ತೆ ಮತ್ತೆ ಮರೆತುಹೋಗುತ್ತದೆ.

ಈಗ ಪುಸ್ತಕಗಳನ್ನೇ ಕೈಗೆತ್ತಿಕೊಳ್ಳೋಣ. ರೈಟರ್ಸ್ ವರ್ಕ್‌ಶಾಪ್ ಪುಸ್ತಕವನ್ನು ಒಮ್ಮೆ ಮುಟ್ಟಿದವರು ಮತ್ತೆ ಕಣ್ಣು ಮುಚ್ಚಿಯೂ ಗುರುತಿಸಬಲ್ಲರು. ರಟ್ಟಿನ ಮೇಲೆ ಕೈಮಗ್ಗದ ಸೀರೆಯ ಬಟ್ಟೆ. ಕೆಂಪು, ಹಸಿರು, ನೀಲಿ, ಅರಿಶಿನ. ಕೆಲವೊಮ್ಮೆ ಸೀರೆಯ ಅಂಚು ನೇರವಾಗಿ ಮುಖಪುಟದ ಮೇಲೇ ಬಂದಿರುತ್ತದೆ. ಬಟ್ಟೆಯ ಮೇಲೆ ಚಿನ್ನದ ಬಣ್ಣದಲ್ಲಿ ಒತ್ತಿದ ಹೆಸರು. ಆ ಅಕ್ಷರಗಳು ಯಾವ ಅಚ್ಚುಮನೆಯ ಮೊಳೆಯವೂ ಅಲ್ಲ, ಲಾಲ್ ಅವರೇ ಶೆಫರ್ ಲೇಖನಿಯಿಂದ ಬರೆದವು. ಒಂದೇ ಶೀರ್ಷಿಕೆಯ ಎರಡು ಪ್ರತಿಗಳ ಹೊದಿಕೆ ಒಂದೇ ಥರ ಇರಲೇಬೇಕೆಂದಿಲ್ಲ, ಏಕೆಂದರೆ ಸೀರೆ ಮುಗಿದರೆ ಇನ್ನೊಂದು ಸೀರೆ. ಒಳಗಿನ ಪುಟಗಳನ್ನು ಕೈಯಿಂದ ನಡೆಸುವ ದೇಶೀ ಯಂತ್ರದಲ್ಲಿ ಅಚ್ಚು ಮಾಡಲಾಗುತ್ತಿತ್ತು, ಆ ಯಂತ್ರವೂ ಲೇಕ್ ಗಾರ್ಡನ್ಸ್ ಬಡಾವಣೆಯಲ್ಲಿಯೇ ಇತ್ತು. ಹೊಲಿಗೆ, ರಟ್ಟು, ಬಟ್ಟೆ ಎಲ್ಲವೂ ಕೈಕೆಲಸ.

ಇದನ್ನು ಮಾಡುತ್ತಿದ್ದವರ ಹೆಸರು ಪುಸ್ತಕದಲ್ಲೇ ಇರುತ್ತಿತ್ತು ಎಂಬುದು ಸಣ್ಣ ವಿಷಯವಲ್ಲ. ಬೈಂಡಿಂಗ್ ಮಾಡಿದವರು ತುಲಾಮಿಯಾ ಮೊಹಿಯುದ್ದೀನ್ ಎಂದು ನೂರಾರು ಪುಸ್ತಕಗಳ ಪ್ರಕಟಣ ವಿವರದಲ್ಲಿ ಅಚ್ಚಾಗಿದೆ. ನಮ್ಮ ಮನೆಗಳಲ್ಲಿರುವ ಹಳೆಯ ಕನ್ನಡ ಪುಸ್ತಕಗಳನ್ನು ತೆಗೆದು ನೋಡಿ. ಮುದ್ರಣಾಲಯದ ಹೆಸರು ಸಿಗುತ್ತದೆ, ಮಾಲೀಕರ ಹೆಸರು ಸಿಗುತ್ತದೆ. ಹೊಲಿದವರ ಹೆಸರು ಎಲ್ಲಾದರೂ ಸಿಕ್ಕರೆ ಅದು ಅಪರೂಪವೇ. ಕವಿತೆಯೊಂದು ಓದುಗನ ಕೈ ಸೇರುವ ಮೊದಲು ಎಷ್ಟು ಕೈಗಳನ್ನು ದಾಟಿ ಬಂದಿರುತ್ತದೆ ಎಂಬುದನ್ನು ಲಾಲ್ ಮುಚ್ಚಿಡಲಿಲ್ಲ.

ಮೊಳೆ ಜೋಡಿಸಿ ಮಾಡುವ ಅಚ್ಚಿಗೂ ಪದ್ಯಕ್ಕೂ ಇರುವ ನಂಟಿನ ಬಗ್ಗೆ ಇಲ್ಲಿ ಸ್ವಲ್ಪ ನಿಲ್ಲಬೇಕು. ಇಂದು ಪುಟವನ್ನು ತೆರೆಯ ಮೇಲೆ ಕೂಡಿಸುವವರಿಗೆ ಖಾಲಿ ಜಾಗ ಎಂದರೆ ಏನೂ ಇಲ್ಲದ ಜಾಗ. ಮೊಳೆ ಜೋಡಿಸುವವರಿಗೆ ಹಾಗಲ್ಲ. ಅಕ್ಷರವಿಲ್ಲದ ಕಡೆಯೂ ಲೋಹ ತುಂಬಬೇಕು. ಪದ್ಯದ ಸಾಲು ನಾಲ್ಕು ಪದಕ್ಕೆ ನಿಂತರೆ ಉಳಿದ ಅಗಲವನ್ನೆಲ್ಲ ಸೀಸದ ಖಾಲಿ ತುಂಡುಗಳಿಂದ ಭರ್ತಿ ಮಾಡಬೇಕು, ಚರಣಗಳ ನಡುವೆ ಸೀಸದ ಪಟ್ಟಿಗಳನ್ನಿಡಬೇಕು. ಇಲ್ಲದಿದ್ದರೆ ಚೌಕಟ್ಟು ಬಿಗಿಯುವಾಗ ಮೊಳೆಗಳು ಕದಲಿಬಿಡುತ್ತವೆ. ಕವಿ ಬಿಟ್ಟ ಮೌನಕ್ಕೂ ತೂಕವಿತ್ತು. ಆ ತೂಕ ಜೋಡಿಸುವವರ ಕೈಗೆ ಗೊತ್ತಾಗುತ್ತಿತ್ತು. ಸಣ್ಣ ಅಚ್ಚುಮನೆಯಲ್ಲಿ ಮೊಳೆಗಳ ದಾಸ್ತಾನು ಕಡಿಮೆ. ಒಂದು ಫಾರಂ ಮುದ್ರಣವಾದ ಕೂಡಲೇ ಅದನ್ನು ಬಿಚ್ಚಿ, ಮೊಳೆಗಳನ್ನು ಮತ್ತೆ ಖಾನೆಗಳಿಗೆ ಹಂಚಿ, ಮುಂದಿನ ಫಾರಂ ಜೋಡಿಸಬೇಕು. ಹೀಗಾಗಿ ಮರುಮುದ್ರಣ ಬೇಕಾದರೆ ಎಲ್ಲವನ್ನೂ ಮೊದಲಿನಿಂದ ಶುರು ಮಾಡಬೇಕು. ಮೊದಲ ಮುದ್ರಣದ ಕೆಲವು ನೂರು ಪ್ರತಿಗಳೇ ಆ ಪುಸ್ತಕದ ಆಯುಸ್ಸು. ಲಾಲ್ ಪ್ರಕಟಿಸಿದ ಎಷ್ಟೋ ಸಂಕಲನಗಳು ಹೀಗೆ ಒಂದೇ ಸಲ ಬಂದು ಮತ್ತೆ ಕಾಣದಂತಾದವು.

ಹಣದ ಮಾತಿಗೆ ಬರೋಣ. ಲಾಲ್ ಮೇಲೆ ಹೊರಿಸುವ ಆರೋಪ ಇಲ್ಲಿಯೇ ಇದೆ. ಅವರ ಪ್ರಕಾಶನಕ್ಕೆ ಸರ್ಕಾರದ ಕಾಯಂ ಅನುದಾನವಿರಲಿಲ್ಲ, ಬೆನ್ನಿಗೆ ದೊಡ್ಡ ಬಂಡವಾಳವೂ ಇರಲಿಲ್ಲ. ಜೀವನಕ್ಕೆ ಕಾಲೇಜಿನ ಸಂಬಳವಿತ್ತು. ಆಗಾಗ ಅಮೆರಿಕದ ವಿಶ್ವವಿದ್ಯಾಲಯಗಳಲ್ಲಿ ಸಂದರ್ಶಕ ಪ್ರಾಧ್ಯಾಪಕರಾಗಿಯೂ ಹೋಗಿಬರುತ್ತಿದ್ದರು. ಪುಸ್ತಕಗಳು ತಮ್ಮ ಖರ್ಚನ್ನು ತಾವೇ ಹೊರಬೇಕಿತ್ತು. ಅದಕ್ಕಾಗಿ ಅವರು ಮಾಡಿಕೊಂಡ ಏರ್ಪಾಡು ಇದು: ಹಸ್ತಪ್ರತಿ ಒಪ್ಪಿಗೆಯಾದರೆ ಲೇಖಕರು ಸಾಮಾನ್ಯವಾಗಿ ನೂರು ಪ್ರತಿಗಳನ್ನು ಮುಂಗಡವಾಗಿ ಕೊಳ್ಳಬೇಕು. ಆ ಹಣದಿಂದ ಕಾಗದ, ಅಚ್ಚು, ಬಟ್ಟೆಯ ಖರ್ಚು ಹುಟ್ಟುತ್ತಿತ್ತು.

ಇದನ್ನು ಹಿಡಿದು, ಇದು ದುಡ್ಡು ಕೊಟ್ಟವರ ಪುಸ್ತಕ ಹಾಕುವ ಅಂಗಡಿ ಎಂದು ಜರೆದವರು ಬಹಳ. ನಾನು ಈ ಮಾತನ್ನು ಒಪ್ಪುವುದಿಲ್ಲ. ಮೂರು ಕಾರಣ ಕೊಡಬಹುದು, ಆದರೆ ಒಂದೇ ಸಾಕು. ದುಡ್ಡಿಗಾಗಿ ಪುಸ್ತಕ ಹಾಕುವವನು ಹೊಸ ಕವಿಯ ಮೊದಲ ಸಂಕಲನಕ್ಕೆ ಸೀರೆಯ ಬಟ್ಟೆ ಹೊದಿಸುವುದಿಲ್ಲ, ಕೂತು ಕೈಯಾರೆ ಅಕ್ಷರ ಬರೆಯುವುದಿಲ್ಲ, ಅರ್ಧ ಶತಮಾನ ಮನೆಯ ಕೋಣೆಗಳನ್ನೆಲ್ಲ ಪುಸ್ತಕಕ್ಕೆ ಬಿಟ್ಟುಕೊಡುವುದಿಲ್ಲ. ಲೇಖಕ ತನ್ನ ಪುಸ್ತಕದ ಖರ್ಚಿಗೆ ಹೆಗಲು ಕೊಡುವುದು ಭಾರತೀಯ ಭಾಷೆಗಳಲ್ಲಿ ಅವಮಾನದ ವಿಷಯವಾಗಿರಲೂ ಇಲ್ಲ. ತಮ್ಮ ಕಾದಂಬರಿಗಳನ್ನು ಊರೂರಿಗೆ ಹೊತ್ತು ಮಾರಿದ ಗಳಗನಾಥರನ್ನು ನಾವು ಇಂದಿಗೂ ಗೌರವದಿಂದಲೇ ನೆನೆಯುತ್ತೇವೆ. ಅದೇ ಕೆಲಸ ಇಂಗ್ಲಿಷ್ ಕಾವ್ಯದಲ್ಲಿ ನಡೆದಾಗ ಮಾತ್ರ ಮೂಗು ಮುರಿಯುವುದೇಕೆ?

ಆಯ್ಕೆ ಸಡಿಲವಾಗಿತ್ತು ಎಂಬ ಇನ್ನೊಂದು ದೂರು ಇದೆ. ಅದರಲ್ಲಿ ಹುರುಳಿದೆ. ಲಾಲ್ ಅಚ್ಚು ಹಾಕಿದ ಕವಿಗಳಲ್ಲಿ ಬಹುಪಾಲು ಮಂದಿಯನ್ನು ಇಂದು ಯಾರೂ ಓದುವುದಿಲ್ಲ. ತಿದ್ದುಪಡಿ ಬೇಡುವ ಹಸ್ತಪ್ರತಿಗಳು ತಿದ್ದುಪಡಿಯಿಲ್ಲದೆ ಪುಸ್ತಕವಾಗಿವೆ. ಮಾರಾಟದ ಜಾಲ ಎಂಬುದು ಇರಲೇ ಇಲ್ಲ ಎನ್ನಬೇಕು, ಹೊರ ಊರಿನ ಅಂಗಡಿಗಳಲ್ಲಿ ಈ ಪುಸ್ತಕಗಳು ಕಾಣಸಿಗುತ್ತಿದ್ದುದು ಕಡಿಮೆ. ಹೆಸರು ಬಂದ ಮೇಲೆ ಕವಿಗಳು ಆಕ್ಸ್‌ಫರ್ಡಿಗೋ ವಿದೇಶೀ ಪ್ರಕಾಶಕರಿಗೋ ಹೋಗಿಬಿಡುತ್ತಿದ್ದುದಕ್ಕೆ ಇವೂ ಕಾರಣ.

ಆದರೆ ಸಡಿಲವಾಗಿ ತೆರೆದಿಟ್ಟ ಅದೇ ಬಾಗಿಲಿನಿಂದ ಒಳಗೆ ಬಂದವರು ಯಾರು ನೋಡಿ. 1960ರಲ್ಲಿ ನಿಸ್ಸಿಮ್ ಎಝೆಕಿಲ್ ಅವರ 'ದಿ ಅನ್‌ಫಿನಿಶ್ಡ್ ಮ್ಯಾನ್', 1965ರಲ್ಲಿ 'ದಿ ಎಕ್ಸಾಕ್ಟ್ ನೇಮ್'. 1962ರಲ್ಲಿ, ಮುಂಬಯಿಯಿಂದ ಇಂಗ್ಲೆಂಡಿಗೆ ಹೋಗಿದ್ದ ಇಪ್ಪತ್ತೆರಡರ ತರುಣ ಆದಿಲ್ ಜಸ್ಸಾವಾಲಾ ಅವರ ಮೊದಲ ಸಂಕಲನ 'ಲ್ಯಾಂಡ್ಸ್ ಎಂಡ್'. 1970ರಲ್ಲಿ ಪೊಲೀಸ್ ಅಧಿಕಾರಿ ಕೇಕಿ ದಾರೂವಾಲಾ ಅವರ ಮೊದಲ ಪುಸ್ತಕ 'ಅಂಡರ್ ಓರಿಯನ್'. 1971ರಲ್ಲಿ, ಒಡಿಶಾದ ಸರ್ಕಾರಿ ಕಾಲೇಜುಗಳಲ್ಲಿ ಭೌತಶಾಸ್ತ್ರ ಹೇಳುತ್ತಿದ್ದ, ಆಗಲೇ ನಲವತ್ತು ದಾಟಿದ್ದ ಜಯಂತ ಮಹಾಪಾತ್ರ ಅವರ 'ಸ್ವಯಂವರ'. 1972ರಲ್ಲಿ ಇಪ್ಪತ್ತಮೂರರ ಕಾಶ್ಮೀರಿ ಹುಡುಗ ಆಗಾ ಶಾಹಿದ್ ಅಲಿಯ 'ಬೋನ್ ಸ್ಕಲ್ಪ್ಚರ್', ಏಳು ವರ್ಷಗಳ ನಂತರ ಅವರದೇ 'ಇನ್ ಮೆಮರಿ ಆಫ್ ಬೇಗಂ ಅಖ್ತರ್'. 'ದಿ ಗೋಲ್ಡನ್ ಗೇಟ್' ಬರೆಯುವ ಮುಂಚಿನ ವಿಕ್ರಮ್ ಸೇಠ್ ಅವರ 'ಮ್ಯಾಪಿಂಗ್ಸ್'. ಗೌರಿ ದೇಶಪಾಂಡೆ ಇದ್ದಾರೆ, ಪ್ರೀತೀಶ್ ನಂದಿ ಇದ್ದಾರೆ. ಆಗ ಇವರಲ್ಲಿ ಹೆಚ್ಚಿನವರ ಹೆಸರು ಯಾರಿಗೂ ಗೊತ್ತಿರಲಿಲ್ಲ.

ಮಹಾಪಾತ್ರ ಅವರ ವಿಷಯ ನನ್ನನ್ನು ವಿಶೇಷವಾಗಿ ತಡೆದು ನಿಲ್ಲಿಸುತ್ತದೆ. ಕವಿತೆ ಬರೆಯಲು ಶುರು ಮಾಡಿದ್ದೇ ತಡವಾಗಿ. ಸಾಹಿತ್ಯದ ಅಧ್ಯಾಪಕರಲ್ಲ, ಮಹಾನಗರದವರಲ್ಲ, ಯಾವ ಗುಂಪಿಗೂ ಸೇರಿದವರಲ್ಲ. ಎಲ್ಲವನ್ನೂ ಅಳೆದು ತೂಗಿ ತೆಗೆದುಕೊಳ್ಳುವ ಪ್ರಕಾಶಕನಾಗಿದ್ದರೆ ಅವರ ಆರಂಭದ ಕವಿತೆಗಳನ್ನು ಮರಳಿಸುತ್ತಿದ್ದ ಎಂದೇ ನನ್ನ ಅನಿಸಿಕೆ. ಅವು ಬಿಗಿಯಾದ ಕವಿತೆಗಳಲ್ಲ. ಹತ್ತು ವರ್ಷಗಳ ನಂತರ, 1981ರಲ್ಲಿ, 'ರಿಲೇಶನ್‌ಶಿಪ್' ಎಂಬ ನೀಳ್ಗವಿತೆಗೆ ಅವರಿಗೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಭಾರತೀಯ ಇಂಗ್ಲಿಷ್ ಕಾವ್ಯಕ್ಕೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. ಆ ಪುಸ್ತಕವನ್ನು ಪ್ರಕಟಿಸಿದ್ದು ಅಮೆರಿಕದ ಇನ್ನೊಂದು ಸಣ್ಣ ಕಾವ್ಯಪ್ರಕಾಶನ, ಗ್ರೀನ್‌ಫೀಲ್ಡ್ ರಿವ್ಯೂ ಪ್ರೆಸ್. ಕವಿಯೊಬ್ಬ ಪಕ್ವವಾಗಲು ಮೊದಲು ಅಪಕ್ವವಾದದ್ದು ಅಚ್ಚಾಗಬೇಕಾಗುತ್ತದೆ. ತನ್ನ ಕವಿತೆಗಳನ್ನು ಪುಸ್ತಕದ ರೂಪದಲ್ಲಿ ಹೊರಗಿನವನಂತೆ ನೋಡುವ ಅವಕಾಶ ಸಿಕ್ಕಾಗಲೇ ಅವನಿಗೆ ತನ್ನ ದೌರ್ಬಲ್ಯ ಕಾಣುತ್ತದೆ. ಲಾಲ್ ಅವರ ತೆರೆದ ಬಾಗಿಲು ಮಾಡಿದ ಉಪಕಾರ ಇದು.

ಕನ್ನಡದ ನಾವು ಈ ಮನೆಗೆ ನೇರವಾಗಿ ಋಣಿಗಳು. ನಮ್ಮ ಎ.ಕೆ. ರಾಮಾನುಜನ್ ಶಿಕಾಗೋ ವಿಶ್ವವಿದ್ಯಾಲಯದ ಗ್ರಂಥಾಲಯದ ನೆಲಮಾಳಿಗೆಯಲ್ಲಿ ತಮಿಳಿನ 'ಕುರುಂತೊಗೈ'ಯ ಹಳೆಯ ಪ್ರತಿಯೊಂದನ್ನು ಕಂಡು, ಅದರಲ್ಲಿಯೇ ಮುಳುಗಿಹೋದ ಕಥೆ ಪ್ರಸಿದ್ಧವಾದದ್ದು. ಆ ಮುಳುಗಾಟದಿಂದ ಬಂದ ಇಂಗ್ಲಿಷ್ ಅನುವಾದಗಳ ದೊಡ್ಡ ಪುಸ್ತಕ 'ದಿ ಇಂಟೀರಿಯರ್ ಲ್ಯಾಂಡ್‌ಸ್ಕೇಪ್' 1967ರಲ್ಲಿ ಅಮೆರಿಕದಲ್ಲಿ ಹೊರಬಂತು, ಸಂಗಂ ಕಾವ್ಯವನ್ನು ಜಗತ್ತಿನ ಮುಂದಿಟ್ಟಿತು. ಆದರೆ ಅದಕ್ಕೆ ಎರಡು ವರ್ಷ ಮೊದಲು, 1965ರಲ್ಲಿ, ಆ ಅನುವಾದಗಳಲ್ಲಿ ಹದಿನೈದನ್ನು ಮಾತ್ರ ಆರಿಸಿ ಒಂದು ತೆಳು ಹೊತ್ತಗೆಯಾಗಿ ತಂದವರು ಲಾಲ್. ಹದಿನೈದು ಕವಿತೆಗಳನ್ನು ಪುಸ್ತಕ ಎಂದು ಕರೆಯುವ ಧೈರ್ಯ ಸಣ್ಣ ಪ್ರಕಾಶಕನಿಗೆ ಮಾತ್ರ ಇರುತ್ತದೆ. ಆ ಧೈರ್ಯವಿಲ್ಲದಿದ್ದರೆ ಪ್ರಯೋಗಕ್ಕೆ ಜಾಗವೇ ಇರುವುದಿಲ್ಲ.

ಇನ್ನೊಂದು, 1968ರ ಪುಸ್ತಕ 'ಸಾಂಗ್ ಆಫ್ ದಿ ಅರ್ಥ್'. ನಮ್ಮ ಗೋಪಾಲಕೃಷ್ಣ ಅಡಿಗರ ಕವಿತೆಗಳು, ರಾಮಾನುಜನ್ ಮತ್ತು ಜೊತೆಗಾರರ ಇಂಗ್ಲಿಷಿನಲ್ಲಿ. 'ಚಂಡಮದ್ದಳೆ' 1954ರಲ್ಲಿ ಬಂದಿತ್ತು, 'ಭೂಮಿಗೀತ' 1959ರಲ್ಲಿ. ಕನ್ನಡದಲ್ಲಿ ಅಡಿಗರ ಸುತ್ತ ಕಾಳಗವೇ ನಡೆದಿತ್ತು, ಒಂದು ತಲೆಮಾರು ಅವರನ್ನು ಓದಿಯೇ ಬರೆಯಲು ಕಲಿತಿತ್ತು. ಆದರೆ ಕನ್ನಡ ನಾಡಿನ ಆಚೆ ಅಡಿಗರನ್ನು ಓದುವ ದಾರಿ ಯಾವುದು? ಆ ಕಾಲದ ಭಾರತದ ಯಾವ ದೊಡ್ಡ ಇಂಗ್ಲಿಷ್ ಪ್ರಕಾಶಕನೂ ಬದುಕಿರುವ ಕನ್ನಡ ಕವಿಯೊಬ್ಬನ ಸಂಕಲನಕ್ಕೆ ಕೈ ಹಾಕುವ ಸ್ಥಿತಿಯಲ್ಲಿರಲಿಲ್ಲ. ಕೈ ಹಾಕಿದ್ದು ಕಲ್ಕತ್ತೆಯ ಒಂದು ಮನೆ. ಅಡಿಗರಂಥ ಕವಿಯನ್ನು ಅನುವಾದಿಸುವುದು ಎಷ್ಟು ಕಷ್ಟ ಎಂದು ಇಲ್ಲಿರುವ ನಿಮಗೆ ನಾನು ಹೇಳಬೇಕಿಲ್ಲ. ಆ ಲಯ, ಆ ಕಟಕಿ, ಪುರಾಣವನ್ನು ಬಗೆದು ಹೊರಗೆಳೆಯುವ ಆ ರಭಸ ಇಂಗ್ಲಿಷಿಗೆ ಪೂರ್ತಿ ದಾಟಿಲ್ಲ. ದಾಟಿದಷ್ಟನ್ನು ಬಟ್ಟೆಯ ಹೊದಿಕೆಯೊಳಗೆ ಜೋಪಾನ ಮಾಡಿ ಹೊರಗಿನವರ ಕೈಗಿತ್ತದ್ದಕ್ಕೆ ನಾವು ಲಾಲ್ ಅವರಿಗೆ ಕೃತಜ್ಞರಾಗಿರಬೇಕು. ರಾಮಾನುಜನ್ ಅವರ ವಚನಾನುವಾದ 'ಸ್ಪೀಕಿಂಗ್ ಆಫ್ ಶಿವ' ಪೆಂಗ್ವಿನ್ನಿನಿಂದ ಬಂದದ್ದು 1973ರಲ್ಲಿ. ಅದರ ಕೀರ್ತಿಯ ಬೆಳಕಿನಲ್ಲಿ ಈ 1968ರ ಪುಸ್ತಕ ಮಸುಕಾಗಿದೆ.

ಲಾಲ್ ಅವರದಕ್ಕೆ ಪೂರ್ತಿ ವಿರುದ್ಧವಾದ ಇನ್ನೊಂದು ದಾರಿಯೂ ಇತ್ತು. ಆ ದಾರಿಯನ್ನು ಮೆಚ್ಚುವವರು ಇಲ್ಲಿ ಬಹಳ ಮಂದಿ ಇದ್ದೀರಿ ಎಂದು ಬಲ್ಲೆ, ನಾನೂ ಮೆಚ್ಚುತ್ತೇನೆ. 1976ರಲ್ಲಿ ಮುಂಬಯಿಯಲ್ಲಿ ನಾಲ್ವರು ಕವಿಗಳು ಕೂಡಿ ಕ್ಲಿಯರಿಂಗ್ ಹೌಸ್ ಎಂಬ ಪ್ರಕಾಶನ ತೆರೆದರು: ಅರುಣ್ ಕೊಲಟ್ಕರ್, ಆದಿಲ್ ಜಸ್ಸಾವಾಲಾ, ಗೀವ್ ಪಟೇಲ್, ಅರವಿಂದ ಕೃಷ್ಣ ಮೆಹರೋತ್ರ. ಪಟೇಲ್ ವೈದ್ಯರು, ಕೊಲಟ್ಕರ್ ಜಾಹೀರಾತು ಕಂಪನಿಗಳ ಕಲಾನಿರ್ದೇಶಕರು. ಮೆಹರೋತ್ರ ಅಲಹಾಬಾದಿನಲ್ಲಿ ವಿದ್ಯಾರ್ಥಿಯಾಗಿದ್ದಾಗಲೇ ಸೈಕ್ಲೋಸ್ಟೈಲ್ ಮಾಡಿದ ಪತ್ರಿಕೆ ನಡೆಸಿದವರು. ಮೊದಲ ವರ್ಷ ನಾಲ್ವರ ನಾಲ್ಕು ಪುಸ್ತಕ. ಅವುಗಳಲ್ಲಿ ಒಂದು ಕೊಲಟ್ಕರ್ ಅವರ 'ಜೆಜುರಿ'. ಖಂಡೋಬನ ಆ ಬೆಟ್ಟದ ಕವಿತೆಗಳು ನಮ್ಮ ಮೈಲಾರಲಿಂಗನನ್ನೂ ಗೊರವರನ್ನೂ ಬಲ್ಲವರಿಗೆ ಬೇರೆಯೇ ಆಳದಲ್ಲಿ ತಾಕುತ್ತವೆ. ಮರುವರ್ಷ ಆ ಪುಸ್ತಕಕ್ಕೆ ಕಾಮನ್‌ವೆಲ್ತ್ ಕಾವ್ಯ ಪ್ರಶಸ್ತಿ ಬಂತು. ಆಮೇಲೆ ದಿಲೀಪ್ ಚಿತ್ರೆ, ಜಯಂತ ಮಹಾಪಾತ್ರ, ಮೆಹರೋತ್ರ ಅವರದೇ ಇನ್ನೊಂದು, ಎಚ್.ಒ. ನಜರೆತ್. 1984ರ ಹೊತ್ತಿಗೆ ಎಂಟು ಪುಸ್ತಕ, ಅಲ್ಲಿಗೆ ಮುಗಿಯಿತು.

ಎಂಟು ಪುಸ್ತಕ! ಅಷ್ಟರಲ್ಲಿಯೇ ಭಾರತೀಯ ಕಾವ್ಯದ ಚರಿತ್ರೆಯಲ್ಲಿ ಕಾಯಂ ಜಾಗ. ಕವಿಗಳೇ ಆಯ್ದು, ಕವಿಯೇ ವಿನ್ಯಾಸ ಮಾಡಿ, ಒಂದೊಂದು ಪುಟಕ್ಕೂ ಗಮನ ಕೊಟ್ಟು ತಂದ ಪುಸ್ತಕಗಳು. ಕೊಲಟ್ಕರ್ ಕೊನೆಯವರೆಗೂ ಸಣ್ಣ ಪ್ರಕಾಶನದಲ್ಲಿಯೇ ನಂಬಿಕೆಯಿಟ್ಟರು. ಗೆಳೆಯ ಅಶೋಕ ಶಹಾಣೆಯವರ ಪ್ರಾಸ್ ಪ್ರಕಾಶನ 1977ರಲ್ಲಿ ಅವರ ಮರಾಠಿ ಕವಿತೆಗಳನ್ನು ತಂದಿತ್ತು. 2004ರಲ್ಲಿ, ಸಾವಿಗೆ ಕೆಲವೇ ತಿಂಗಳು ಮೊದಲು, 'ಕಾಲಾ ಘೋಡಾ ಪೊಯಮ್ಸ್' ಮತ್ತು 'ಸರ್ಪ ಸತ್ರ' ಬಂದದ್ದೂ ಅಲ್ಲಿಂದಲೇ. ಜಗತ್ತಿನ ಯಾವ ಪ್ರಕಾಶಕನೂ ಆಗ ಅವರ ಪುಸ್ತಕಕ್ಕೆ ಕೈಚಾಚುತ್ತಿದ್ದ.

ಇಂಥ ಕಟ್ಟುನಿಟ್ಟಿನ ಪಕ್ಕ ಲಾಲ್ ಅವರ ಸಾವಿರಾರು ಪುಸ್ತಕಗಳನ್ನಿಟ್ಟರೆ ಯಾವುದು ಮೇಲು? ಗುಣದ ಲೆಕ್ಕದಲ್ಲಿ ಕ್ಲಿಯರಿಂಗ್ ಹೌಸ್‌ನ ಒಂದು ಪುಸ್ತಕ ಲಾಲ್ ಅವರ ನೂರಕ್ಕೆ ಸಮ ಎಂದರೆ ನಾನು ವಾದಿಸುವುದಿಲ್ಲ. ಆದರೂ ನನ್ನ ಮತ ಲಾಲ್ ಕಡೆಗೆ. ಕ್ಲಿಯರಿಂಗ್ ಹೌಸ್ ಕಟ್ಟಿದ ನಾಲ್ವರಲ್ಲಿ ಒಬ್ಬರಾದ ಜಸ್ಸಾವಾಲಾ ಹದಿನಾಲ್ಕು ವರ್ಷ ಮೊದಲು ಲಾಲ್ ಅವರ ಅಂಗಳದಲ್ಲಿಯೇ ಮೊದಲ ಹೆಜ್ಜೆ ಇಟ್ಟವರು. ಮಹಾಪಾತ್ರ ಕ್ಲಿಯರಿಂಗ್ ಹೌಸ್‌ಗೆ ಬಂದದ್ದು 1980ರಲ್ಲಿ, 'ಸ್ವಯಂವರ'ದ ಒಂಬತ್ತು ವರ್ಷಗಳ ನಂತರ. ತಮ್ಮ ದನಿ ಯಾವುದೆಂದು ಗೊತ್ತಾದ ಕವಿಗಳು ಸೇರಿ ಒಳ್ಳೆಯ ಪುಸ್ತಕ ಮಾಡಿಕೊಳ್ಳುವುದು ಒಂದು ಕೆಲಸ. ಇನ್ನೂ ದನಿ ಸಿಗದವರನ್ನು ಒಳಗೆ ಕರೆದು ಕೂರಿಸುವುದು ಬೇರೆಯೇ ಕೆಲಸ. ಎರಡನೆಯದರಲ್ಲಿ ತಪ್ಪುವುದೇ ಹೆಚ್ಚು, ಹೆಸರು ಬರುವುದು ಕಡಿಮೆ, ಕೊನೆಗೆ ಒಳ್ಳೆಯವರು ಬಿಟ್ಟುಹೋಗುತ್ತಾರೆ. ಅದನ್ನು ಗೊತ್ತಿದ್ದೂ ಐವತ್ತು ವರ್ಷ ಮಾಡುವವರು ತೀರ ವಿರಳ. ಜಸ್ಸಾವಾಲಾ ಅವರ ಎರಡನೆಯ ಪುಸ್ತಕ 1976ರಲ್ಲಿ, ಮೂರನೆಯ ದೊಡ್ಡ ಸಂಕಲನ 'ಟ್ರೈಯಿಂಗ್ ಟು ಸೇ ಗುಡ್‌ಬೈ' ಬಂದದ್ದು 2011ರಲ್ಲಿ, ಅದೂ ಸಣ್ಣ ಪ್ರಕಾಶನದಿಂದಲೇ. ಮೂರು ವರ್ಷಗಳ ನಂತರ ಅದಕ್ಕೆ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಇಷ್ಟು ನಿಧಾನವಾಗಿ ಬರೆಯುವ ಕವಿಯನ್ನು ಯಾವ ಮಾರುಕಟ್ಟೆ ಕಾಯುತ್ತದೆ?

ಲಾಲ್ ತಮ್ಮ ಸ್ವಂತ ಬರವಣಿಗೆಯಲ್ಲಿಯೂ ಇಂಥದೇ ದೀರ್ಘ ದಾರಿ ಹಿಡಿದವರು. 1968ರಲ್ಲಿ ಅವರು ವ್ಯಾಸಭಾರತವನ್ನು ಶ್ಲೋಕ ಶ್ಲೋಕವಾಗಿ ಇಂಗ್ಲಿಷಿಗೆ ಮರುಸೃಷ್ಟಿಸಲು ಕುಳಿತರು. ಒಂದು ಶ್ಲೋಕವನ್ನೂ ಬಿಡುವುದಿಲ್ಲ ಎಂಬುದು ಅವರ ಪಣ. ಅದನ್ನು ಕಂತು ಕಂತಾಗಿ ತಮ್ಮದೇ ಅಚ್ಚುಮನೆಯಿಂದ ಹೊರತರುತ್ತ ಹೋದರು. 1999ರಿಂದ ಕಲ್ಕತ್ತೆಯ ಸಭಾಂಗಣವೊಂದರಲ್ಲಿ ಭಾನುವಾರಗಳಂದು ಒಂದು ಗಂಟೆ ಕೂತು ಅದನ್ನು ಜೋರಾಗಿ ಓದತೊಡಗಿದರು. ಗಮಕ ಕೇಳಿ ಬೆಳೆದ ನಮಗೆ ಇದರ ಅರ್ಥ ತಟ್ಟನೆ ಆಗುತ್ತದೆ: ಭಾರತ ಇರುವುದು ಕೇಳಲಿಕ್ಕೆ. ಬಂದವರು ಹಿಡಿಯಷ್ಟು ಮಂದಿಯಾದರೂ ಓದು ನಿಲ್ಲಲಿಲ್ಲ, ಹನ್ನೊಂದು ವರ್ಷ ನಡೆಯಿತು. 2010ರ ನವೆಂಬರ್ 3ರಂದು ಲಾಲ್ ತೀರಿಕೊಂಡರು. ಹದಿನೆಂಟು ಪರ್ವಗಳಲ್ಲಿ ಬಹುಪಾಲು ಅಷ್ಟು ಹೊತ್ತಿಗೆ ಪುಸ್ತಕವಾಗಿತ್ತು.

ಪ್ರಕಾಶನವನ್ನು ಅವರ ಕುಟುಂಬ ಕೈಬಿಡಲಿಲ್ಲ. ಮಗ ಆನಂದ ಲಾಲ್, ಜಾದವಪುರ ವಿಶ್ವವಿದ್ಯಾಲಯದಲ್ಲಿ ಪಾಠ ಹೇಳಿದ ರಂಗಭೂಮಿ ವಿದ್ವಾಂಸರು, ಅದನ್ನು ಮುಂದುವರಿಸಿದ್ದಾರೆ. ಸೀರೆಯ ಹೊದಿಕೆಯೂ ಮುಂದುವರಿದಿದೆ.

ಕೊನೆಯಲ್ಲಿ ಒಂದು ಬೇಡಿಕೆ. ಲಾಲ್ ಅವರ ಮನೆಯಿಂದ ಬಂದ ಪುಸ್ತಕಗಳಲ್ಲಿ ಕನ್ನಡಕ್ಕೆ ಸಂಬಂಧಪಟ್ಟವು ಯಾವುವು, ಕರ್ನಾಟಕದಲ್ಲಿ ಕೂತು ಇಂಗ್ಲಿಷಿನಲ್ಲಿ ಬರೆದ ಯಾರ ಯಾರ ಮೊದಲ ಸಂಕಲನಗಳು ಅಲ್ಲಿ ಅಚ್ಚಾದವು, ಅವುಗಳ ಪ್ರತಿಗಳು ನಮ್ಮ ವಿಶ್ವವಿದ್ಯಾಲಯಗಳ ಗ್ರಂಥಾಲಯಗಳಲ್ಲಿ, ತೀರಿಹೋದ ಪ್ರಾಧ್ಯಾಪಕರ ಮನೆಗಳ ಕಪಾಟುಗಳಲ್ಲಿ ಎಲ್ಲೆಲ್ಲಿ ಉಳಿದಿವೆ ಎಂಬುದನ್ನು ಪಟ್ಟಿ ಮಾಡಬೇಕು. ಮರುಮುದ್ರಣವಿಲ್ಲದ ಪುಸ್ತಕಗಳಿವು, ಒಂದೊಂದು ಪ್ರತಿ ಹರಿದು ಹೋದಾಗಲೂ ಉಳಿದವುಗಳ ಸಂಖ್ಯೆ ಇಳಿಯುತ್ತದೆ. ಇಲ್ಲಿ ಕೂತಿರುವ ಸಂಶೋಧನ ವಿದ್ಯಾರ್ಥಿಗಳಲ್ಲಿ ಯಾರಾದರೂ ಈ ಕೆಲಸ ಕೈಗೆತ್ತಿಕೊಳ್ಳುವುದಾದರೆ ಅಡಿಗರ 1968ರ ಪುಸ್ತಕದಿಂದ ಶುರು ಮಾಡಬಹುದು.